ಹೆಸರು ತಿಳಿಯದವರು ಕಾಣದಾದಾಗ ಮನಸ್ಸು ಏಕೆ ಕಲಕುತ್ತದೆ?

ಪ್ರಶ್ನೆ:
ಎರಡು ವರ್ಷಗಳಿಂದ ನಾನು ಬೆಳಿಗ್ಗೆ ಒಂದೇ ಬಸ್ಸಿನಲ್ಲಿ ಕೆಲಸಕ್ಕೆ ಹೋಗುತ್ತಿದ್ದೇನೆ. ನನಗಿಂತ ಒಂದು ನಿಲ್ದಾಣ ಮೊದಲೇ ಹತ್ತಿ ಕಿಟಕಿಯ ಬದಿಗೆ ಕುಳಿತಿರುತ್ತಿದ್ದ ಹಿರಿಯರೊಬ್ಬರು, ನನ್ನನ್ನು ಕಂಡೊಡನೆ ಪಕ್ಕದ ಸೀಟಿನ ಮೇಲಿದ್ದ ಚೀಲವನ್ನು ತೊಡೆಯ ಮೇಲೆ ಎಳೆದುಕೊಳ್ಳುತ್ತಿದ್ದರು. ಆ ಕಂದು ಚೀಲದ ಹರಿದ ಪಟ್ಟಿಯನ್ನು ಯಾರೋ ಬಿಳಿ ದಾರದಲ್ಲಿ ಹೊಲಿದಿದ್ದರು. ನಾವು ಒಮ್ಮೆಯೂ ಮಾತನಾಡಿದವರಲ್ಲ. ಮೂರು ವಾರಗಳಿಂದ ಅವರು ಬರುತ್ತಿಲ್ಲ. ಸೀಟು ಖಾಲಿಯಿದ್ದರೂ ಅಲ್ಲಿ ಕೂರಲು ಮನಸ್ಸು ಒಪ್ಪುತ್ತಿಲ್ಲ. ಹೆಸರೂ ಗೊತ್ತಿಲ್ಲದವರಿಗಾಗಿ ಹೀಗೆ ಹಂಬಲಿಸುವುದು ಸಹಜವೇ? ಅಥವಾ ನನ್ನ ಒಂಟಿತನವನ್ನು ಅವರ ಮೇಲೆ ಹೊರಿಸುತ್ತಿದ್ದೇನೆಯೇ?

ಉತ್ತರ 1:
ಸಹಜವೇ. ಅಮೆರಿಕದ ಮನೋವಿಜ್ಞಾನಿ ಸ್ಟ್ಯಾನ್ಲಿ ಮಿಲ್‌ಗ್ರಾಂ 1972ರಲ್ಲಿ ಇಂಥವರನ್ನು ‘ಪರಿಚಿತ ಅಪರಿಚಿತರು’ ಎಂಬರ್ಥದ ಹೆಸರಿನಿಂದ ಗುರುತಿಸಿದರು. ನಿಲ್ದಾಣದಲ್ಲಿ ರೈಲಿಗೆ ಕಾಯುವ ನಿತ್ಯಪ್ರಯಾಣಿಕರ ಫೋಟೊ ತೆಗೆದು ಅವರಿಗೇ ತೋರಿಸಿದಾಗ, ತಾವು ಎಂದೂ ಮಾತನಾಡಿಸದ ಒಂದಾದರೂ ಮುಖವನ್ನು ಬಹುತೇಕರು ಗುರುತಿಸಿದರು. ಮಾತನಾಡದಿರುವುದು ಸಂಬಂಧವೇ ಇಲ್ಲದಿರುವುದಲ್ಲ, ಹಗೆಯಿಲ್ಲದೆ ಇಬ್ಬರೂ ಒಪ್ಪಿಕೊಂಡ ಮೌನವೂ ನಿಜವಾದ ಸಂಬಂಧವೇ ಎಂಬುದು ಮಿಲ್‌ಗ್ರಾಂ ಅವರ ನಿಲುವಾಗಿತ್ತು. ನೀವು ಕಳೆದುಕೊಂಡಿರುವುದು ಆ ಒಪ್ಪಂದವನ್ನು.

ಉತ್ತರ 2:
‘ಒಪ್ಪಂದ’ ಎಂಬ ಮಾತು ನನಗೆ ತುಸು ಒಣಕಲೆನಿಸುತ್ತದೆ. ನಿಮಗಾಗಿ ಒಬ್ಬರು ದಿನವೂ ಚೀಲ ಸರಿಸುತ್ತಿದ್ದರು, ಅಂದರೆ ನೀವು ಬರುತ್ತೀರೆಂದು ಅವರಿಗೆ ಗೊತ್ತಿತ್ತು. ನಮ್ಮ ಬರುವಿಕೆಯನ್ನು ಎಣಿಸಿಕೊಂಡಿರುವವರು ದಿನದಲ್ಲಿ ಎಷ್ಟು ಮಂದಿ ಇರುತ್ತಾರೆ? ವರ್ಷಗಟ್ಟಲೆ ಬೆಳಗಿನ ನಡಿಗೆಯಲ್ಲಿ ಎದುರಾಗುತ್ತಿದ್ದ ಮಹಿಳೆಯೊಬ್ಬರು ಒಮ್ಮೆ ಆಸ್ಪತ್ರೆಯ ಕಾರಿಡಾರಿನಲ್ಲಿ ಸಿಕ್ಕಾಗ, ನಾವಿಬ್ಬರೂ ಹೆಸರು ಕೇಳುವುದನ್ನೂ ಮರೆತು ಅರ್ಧ ಗಂಟೆ ಮಾತನಾಡಿದ್ದೆವು. ಇದನ್ನು ಒಂಟಿತನವೆಂದು ಕರೆದು ನಿಮ್ಮನ್ನು ನೀವೇ ಹಳಿದುಕೊಳ್ಳಬೇಡಿ.

ಉತ್ತರ 3:
ಬಸ್ಸಿನ ಚಾಲಕರನ್ನು ವಿಚಾರಿಸಬಹುದಲ್ಲವೇ? ಮಾತನಾಡಿಸಿದರೆ ಎದುರಿನವರಿಗೆ ಕಿರಿಕಿರಿಯಾದೀತೆಂಬ ನಮ್ಮ ಅಳುಕು ಬಹುಪಾಲು ಸುಳ್ಳು. ಮನುಷ್ಯರ ವರ್ತನೆಯನ್ನು ಅಧ್ಯಯನ ಮಾಡುವ ಸಂಶೋಧಕರಾದ ನಿಕೊಲಸ್ ಎಪ್ಲಿ ಮತ್ತು ಜೂಲಿಯಾನಾ ಶ್ರೋಡರ್ 2014ರಲ್ಲಿ ಪ್ರಕಟಿಸಿದ ಪ್ರಯೋಗಗಳಲ್ಲಿ, ಅಪರಿಚಿತರೊಡನೆ ಮಾತನಾಡಿದ ಪ್ರಯಾಣಿಕರು ಸುಮ್ಮನೆ ಕುಳಿತವರಿಗಿಂತ ತಮ್ಮ ಪ್ರಯಾಣ ಹಿತವಾಗಿತ್ತೆಂದರು. ಆದರೆ ಮೊದಲೇ ಊಹಿಸಲು ಕೇಳಿದಾಗ ಜನರು ಹೇಳಿದ್ದು ಇದಕ್ಕೆ ತದ್ವಿರುದ್ಧವಾಗಿತ್ತು.

ಪ್ರಶ್ನೆ ಕೇಳಿದವರು:
ಇಂದು ಚಾಲಕರನ್ನು ಕೇಳಿದೆ. ಅವರಿಗೂ ಏನೂ ತಿಳಿದಿಲ್ಲ. ಆ ನಿಲ್ದಾಣದಲ್ಲಿ ಯಾರೂ ನಿಂತಿರದಿದ್ದರೂ ಈಗಲೂ ಬಸ್ಸಿನ ವೇಗ ತಗ್ಗಿಸಿ ಒಮ್ಮೆ ಆ ಕಡೆ ನೋಡುತ್ತೇನೆ ಎಂದರು.