ಸಹಾಯ ಬೇಕು: ಬೀದಿ ರೇಸಿನ ಗೇಮ್, ಕಳ್ಳದಾರಿ ಬೇಡ

ಎಲ್ಲರಿಗೂ ನಮಸ್ಕಾರ. ನಾನು ಶಿರಸಿಯವನು. ಕಾಲೇಜು ದಿನಗಳಲ್ಲಿ ಸೈಬರ್ ಕೆಫೆಯಲ್ಲಿ ಆಡಿದ 'ನೀಡ್ ಫಾರ್ ಸ್ಪೀಡ್ ಅಂಡರ್‌ಗ್ರೌಂಡ್ 2' ಹುಚ್ಚು ಇನ್ನೂ ಬಿಟ್ಟಿಲ್ಲ. 2004ರ ಗೇಮ್. ರಾತ್ರಿ ಪೇಟೆ, ಒದ್ದೆ ರಸ್ತೆ, ಕಾರಿನ ಅಡಿಗೆ ನೀಲಿ ದೀಪ. (ದೇವಿಮನೆ ಘಟ್ಟದಲ್ಲಿ ನಾನು ನಲವತ್ತು ದಾಟೋನಲ್ಲ. ಆಸೆಯೆಲ್ಲ ಪರದೆ ಮೇಲೆ ಮಾತ್ರ.)

ಹೋದ ವಾರ ಯಾವುದೋ ಸೈಟಿನಿಂದ 'ಪೂರ್ತಿ ಫ್ರೀ' ಅಂತ ಇಳಿಸಿಕೊಂಡೆ. ಗೇಮ್ ಬರಲಿಲ್ಲ. ಬ್ರೌಸರ್ ತೆರೆದರೆ ಸಾಕು, ರಮ್ಮಿ ಆಡಿ ಅನ್ನತೊಡಗಿತು. ಲ್ಯಾಪ್‌ಟಾಪ್ ಫಾರ್ಮ್ಯಾಟ್ ಮಾಡಿಸುವಾಗ ಅಡಿಕೆ ಲೆಕ್ಕದ ಫೈಲೂ ಹೋಯಿತು. ಅಪ್ಪನ ಹತ್ತಿರ ಬೈಸಿಕೊಂಡದ್ದು ಬೇರೆ.

ಈಗ ಸ್ವಲ್ಪ ಓದಿಕೊಂಡಿದ್ದೇನೆ. ಮಾಡ್ ಅಂದರೆ ಗೇಮನ್ನು ಬದಲಿಸಲು ಅಭಿಮಾನಿಗಳು ಮಾಡಿದ ಫೈಲು ಮಾತ್ರ, ಮೂಲ ಗೇಮ್ ನಾವೇ ಕೊಂಡಿರಬೇಕು. ಮೂಲ ಗೇಮನ್ನೂ ಸೇರಿಸಿ ಹಂಚಿದರೆ ಅದು ಕಳ್ಳಮಾಲೇ, ಅಲ್ವಾ? ಪೂರ್ತಿ ತಾವೇ ಬರೆದು ಪುಕ್ಕಟೆ ಬಿಟ್ಟ ಗೇಮ್ ಆದರೆ ತಕರಾರಿಲ್ಲ. 'ಸ್ಪೀಡ್ ಡ್ರೀಮ್ಸ್' ಹಾಗಿನದು. 'ಟಾರ್ಕ್ಸ್' ಅನ್ನುವ ಹಳೇ ಗೇಮಿನಿಂದ ಕವಲೊಡೆದದ್ದು, ಯಾರು ಬೇಕಾದರೂ ಬಳಸಿ, ಬದಲಿಸಿ, ಹಂಚಬಹುದಾದ ಜಿಪಿಎಲ್ ಲೈಸೆನ್ಸು. ಚೆನ್ನಾಗಿದೆ, ಆದರೆ ಅದು ಟ್ರ್ಯಾಕ್ ರೇಸು. ನನಗೆ ಬೀದಿ ಬೇಕು!

ಕಾರವಾರ, ಕುಮಟಾ ಕಡೆ ಯಾರ ಹತ್ತಿರವಾದರೂ ಅಂಡರ್‌ಗ್ರೌಂಡ್ 2ರ ಅಸಲಿ ಡಿಸ್ಕ್ ಇದ್ದರೆ ಮಾರುತ್ತೀರಾ? ವಿಂಡೋಸ್ 10ರಲ್ಲಿ ಓಡಿಸಿದವರು ಇದ್ದೀರಾ? 'ಇಚ್ ಡಾಟ್ ಐಒ' ಸೈಟಿನಲ್ಲಿ ತಯಾರಿಸಿದವರೇ ಹಾಕಿದ ಸಣ್ಣ ಬೀದಿ ರೇಸ್ ಗೇಮ್ ಆಡಿದ್ದರೆ ಹೆಸರು ಹೇಳಿ. ನನ್ನದು 4 ಜಿಬಿ ರ‍್ಯಾಮ್, ಗ್ರಾಫಿಕ್ಸ್ ಕಾರ್ಡ್ ಇಲ್ಲ. ಡೌನ್‌ಲೋಡ್ 1 ಜಿಬಿ ಒಳಗಿದ್ದರೆ ಒಳ್ಳೆಯದು. ಈ ಮಳೆಯಲ್ಲಿ ಕರೆಂಟು ಅಷ್ಟು ಹೊತ್ತು ನಿಲ್ಲೋದಿಲ್ಲ.