ಹೆಬ್ಬೆಟ್ಟು ಹೊಂದುತ್ತಿಲ್ಲ, ಪಡಿತರ ಸಿಗುತ್ತಿಲ್ಲ: ಸಹಾಯ ಬೇಕು

ಎಲ್ಲರಿಗೂ ನಮಸ್ಕಾರ. ಕೋಲಾರ ತಾಲ್ಲೂಕಿನ ನಮ್ಮ ಊರಾಚೆ, ಟೊಮೆಟೊ ತೋಟದ ಶೆಡ್ಡಿನಲ್ಲಿ ಯಾದಗಿರಿ ಕಡೆಯ ವಯಸ್ಸಾದ ಕೂಲಿ ದಂಪತಿ ಇದ್ದಾರೆ. ಸುತ್ತ ಒಂದು ಮನೆಯೂ ಇಲ್ಲ. ಕತ್ತಲಾದರೆ ಮಾತನಾಡಿಸಲು ತೋಟದ ನಾಯಿಯೇ ಗತಿ. ದಿನವಿಡೀ ಹಣ್ಣು ಬಿಡಿಸಿ, 15 ಕೆಜಿಯ ಬಾಕ್ಸ್‌ಗಳಿಗೆ ತುಂಬಿ ತುಂಬಿ ಅಜ್ಜಿಯ ಬೆರಳ ತುದಿಗಳು ಗಿಡದ ಕರೆ ಹಿಡಿದು ಕಪ್ಪಾಗಿವೆ, ಗೆರೆಗಳೇ ಸವೆದುಹೋಗಿವೆ.

ಅವರ ಬಿಪಿಎಲ್ ಕಾರ್ಡ್ ಯಾದಗಿರಿಯದು. ‘ಒಂದು ದೇಶ, ಒಂದು ಪಡಿತರ ಚೀಟಿ’ ಇರುವುದರಿಂದ ಇಲ್ಲೂ ಅಕ್ಕಿ ಸಿಗಬೇಕು. ಆದರೆ ನ್ಯಾಯಬೆಲೆ ಅಂಗಡಿಯಲ್ಲಿ ಹೆಬ್ಬೆಟ್ಟು ಹೊಂದುತ್ತಿಲ್ಲ. ನಿಂಬೆಹಣ್ಣು ಉಜ್ಜಿ ತೊಳೆದು, ಎಣ್ಣೆ ಹಚ್ಚಿ, ಬೇರೆ ಬೆರಳುಗಳನ್ನೂ ಒತ್ತಿಸಿ ನೋಡಿದ್ದಾಯಿತು. ಅಜ್ಜನದೂ ಅದೇ ಕಥೆ. ಒಟಿಪಿ ಕೇಳೋಣವೆಂದರೆ ಆಧಾರ್‌ಗೆ ಜೋಡಿಸಿದ ಸಿಮ್ ಎಂದೋ ಬಂದ್ ಆಗಿದೆ. ಆಧಾರ್ ಕೇಂದ್ರಕ್ಕೆ ಹೋದರೆ ಇಬ್ಬರಿಗೂ ಆ ದಿನದ ಕೂಲಿ ಖೋತಾ. (ಜೊತೆಗೆ ನಾನು ಹೋಗುತ್ತೇನೆ, ಅದು ಸಮಸ್ಯೆಯಲ್ಲ.)

ಬೆರಳಚ್ಚು ಹೊಂದಲಿಲ್ಲವೆಂದು ಪಡಿತರ ನಿರಾಕರಿಸಬಾರದು ಎಂದು ಕೇಂದ್ರವು 2017ರಲ್ಲೇ ರಾಜ್ಯಗಳಿಗೆ ಸೂಚಿಸಿದೆ. ಅಂಗಡಿಯವರು ಮಾತ್ರ “ಯಂತ್ರ ಒಪ್ಪದಿದ್ದರೆ ನಾನೇನು ಮಾಡಲಿ?” ಎನ್ನುತ್ತಾರೆ.

ನನ್ನ ಗೊಂದಲ ಇಷ್ಟೇ: ವಿನಾಯಿತಿ ಕೊಡಬೇಕಾದವರು ಇಲ್ಲಿನ ಆಹಾರ ನಿರೀಕ್ಷಕರೋ, ಕಾರ್ಡ್ ಇರುವ ಯಾದಗಿರಿಯವರೋ? ಕಣ್ಣಿನ ಪಾಪೆಯ ಗುರುತು ಕೊಟ್ಟು ಆಧಾರ್‌ನ ಮೊಬೈಲ್ ಸಂಖ್ಯೆ ಬದಲಿಸಿದರೆ, ಮುಂದೆ ಒಟಿಪಿಯಿಂದಲೇ ಪಡಿತರ ಪಡೆಯಬಹುದೇ? ಹೀಗೆ ಮಾಡಿಸಿಕೊಂಡವರಿದ್ದರೆ ದಯವಿಟ್ಟು ತಿಳಿಸಿ.