ಮಾರ್ಗರೆಟ್ ಪ್ರೆಸ್ಟನ್ ಅವರ ಹೂವಿನ ವುಡ್‌ಕಟ್‌ಗಳು: ಬಣ್ಣವನ್ನು ಕೈಯಲ್ಲೇ ಹಚ್ಚಿದ್ದೇಕೆ?

ಪ್ರಶ್ನೆ (ಲಿನೋ ಅಭ್ಯಾಸಿ):
ಎಲ್ಲರಿಗೂ ನಮಸ್ಕಾರ. ಆಸ್ಟ್ರೇಲಿಯಾದ ಕಲಾವಿದೆ ಮಾರ್ಗರೆಟ್ ಪ್ರೆಸ್ಟನ್ (1875–1963) ಅವರ ಹೂವಿನ ವುಡ್‌ಕಟ್‌ಗಳನ್ನು, ಅಂದರೆ ಮರದ ಹಲಗೆಯಲ್ಲಿ ಕೊರೆದು ಕಾಗದದ ಮೇಲೆ ಒತ್ತಿದ ಚಿತ್ರಗಳನ್ನು, ನೋಡುತ್ತಿದ್ದಾಗ ಒಂದು ಸಂದೇಹ ಬಂದಿತು. ಜಪಾನಿನ ಅಚ್ಚುಚಿತ್ರಗಳನ್ನು ಪ್ಯಾರಿಸ್ಸಿನ ಗೀಮೆ ಸಂಗ್ರಹಾಲಯದಲ್ಲಿ ಅಭ್ಯಸಿಸಿದ್ದ ಇವರಿಗೆ, ಬಣ್ಣಕ್ಕೊಂದು ಬ್ಲಾಕ್ (ಅಚ್ಚಿನ ಹಲಗೆ) ಕೊರೆಯುವ ಅಲ್ಲಿನ ಪದ್ಧತಿ ಚೆನ್ನಾಗಿಯೇ ಗೊತ್ತಿತ್ತು. ಆದರೂ 1920ರ ದಶಕದ ಬಹಳಷ್ಟು ಕೃತಿಗಳಲ್ಲಿ ಕಪ್ಪು ಗೆರೆಯ ಒಂದೇ ಬ್ಲಾಕನ್ನು ಒತ್ತಿ, ಉಳಿದ ಬಣ್ಣವನ್ನೆಲ್ಲ ಕುಂಚದಿಂದ ತುಂಬಿದ್ದಾರೆ. ಇದು ಶ್ರಮ ಉಳಿಸುವ ಉಪಾಯವೇ? ಹಾಗೆ ತುಂಬಿದ ಮೇಲೂ ಅದನ್ನು ಅಚ್ಚುಚಿತ್ರವೆಂದೇ ಕರೆಯಬಹುದೇ?

ಉತ್ತರ 1 (ಹಳೆಯ ರೋಲರ್):
ಶ್ರಮ ಉಳಿಯುವುದು ನಿಜ. ನಾಲ್ಕು ಬ್ಲಾಕುಗಳಲ್ಲಿ ಕಾಗದ ಒಂದು ಕೂದಲೆಳೆಯಷ್ಟು ಸರಿದರೂ ಕೆಂಪು ಬಣ್ಣ ದಳದಿಂದಾಚೆ ಹೋಗಿ ಕೂರುತ್ತದೆ. ಆ ಸಂಕಟ ನಿಮಗೂ ಗೊತ್ತಿರಬೇಕು. ಆದರೆ ನನಗೆ ಮುಖ್ಯವೆನಿಸುವುದು ಬೇರೆ ಸಂಗತಿ. ಅವರ ಚಿತ್ರದಲ್ಲಿ ಹೂವನ್ನು ಹಿಡಿದು ನಿಲ್ಲಿಸುವುದು ಬಣ್ಣವಲ್ಲ, ಕಪ್ಪು. 1928ರ ಆಸುಪಾಸಿನ ‘ವೀಲ್ ಫ್ಲವರ್’ (ಗಾಲಿಹೂವು) ಚಿತ್ರವನ್ನು ತೆರೆದು, ಮನಸ್ಸಿನಲ್ಲೇ ಅದರ ಕೆಂಪನ್ನು ಅಳಿಸಿ ನೋಡಿ: ಗಾಲಿಯ ಅರೆಕಾಲುಗಳಂತೆ ನಡುವಿನಿಂದ ಹೊರಚಾಚಿದ ಮೊಗ್ಗುಗಳು ಆಗಲೂ ಹಾಗೆಯೇ ಉಳಿಯುತ್ತವೆ. ರಚನೆಯ ಕೆಲಸವನ್ನು ಬ್ಲಾಕ್ ಮುಗಿಸಿಬಿಟ್ಟಿರುವುದರಿಂದಲೇ ಬಣ್ಣವನ್ನು ಕೈಗೆ ಬಿಟ್ಟುಕೊಡಲು ಅವರಿಗೆ ಧೈರ್ಯ ಬಂದಿದೆ. ಅದೇ ಬ್ಲಾಕಿನ ಎರಡು ಪ್ರತಿಗಳಲ್ಲಿ ಬಣ್ಣ ಕೂದಲೆಳೆಯಷ್ಟೂ ಬದಲಾಗದೆ ಇರಬೇಕೆಂದು ಬಯಸುವವರು ಕುಂಚವನ್ನು ಕೈಗೆತ್ತಿಕೊಳ್ಳುವುದೇ ಇಲ್ಲ. ಬ್ಲಾಕಿನಿಂದ ಮೂಡಿದ್ದು ಅಚ್ಚುಚಿತ್ರವೇ. ಅದರಲ್ಲಿ ನನಗೆ ಅನುಮಾನವಿಲ್ಲ.

ಉತ್ತರ 2 (ತೋಟದವರು):
ಗಿಡಗಳ ಕಡೆಯಿಂದ ಒಂದು ಮಾತು ಸೇರಿಸುತ್ತೇನೆ. ಪ್ರೆಸ್ಟನ್ ಆರಿಸಿಕೊಂಡ ಬ್ಯಾಂಕ್ಸಿಯಾ, ವಾರಾಟಾ, ಈ ಗಾಲಿಹೂವು ಎಲ್ಲವೂ ನಮ್ಮ ಕಾಫಿ ತೋಟಗಳಲ್ಲಿ ನೆರಳಿಗೂ ಮೆಣಸಿನ ಬಳ್ಳಿಗೂ ಬೆಳೆಸುವ ಸಿಲ್ವರ್ ಓಕ್‌ನ ಕುಟುಂಬಕ್ಕೇ ಸೇರಿದವು. ಸಿಲ್ವರ್ ಓಕ್‌ನ ತವರೂ ಆಸ್ಟ್ರೇಲಿಯಾದ ಪೂರ್ವ ಭಾಗವೇ. ಅದರ ಕಿತ್ತಳೆ ಬಣ್ಣದ ಗೊಂಚಲನ್ನು ಹತ್ತಿರದಿಂದ ನೋಡಿದವರಿಗೆ ಗೊತ್ತು, ಅಲ್ಲಿ ಗುಲಾಬಿಯಂತೆ ಮೆತ್ತಗೆ ಮಡಿಚಿಕೊಂಡ ದಳಗಳಿಲ್ಲ, ಸಾಲಾಗಿ ನಿಂತ ಬಾಗಿದ ತಂತಿಗಳಿವೆ. ಇಂಥ ಹೂವು ಉಳಿಯ ಬಾಯಿಗೆ ಹೇಳಿ ಮಾಡಿಸಿದಂತಿದೆ. ಆ ಕಾಲದಲ್ಲಿ ಯುರೋಪಿನ ಹೂವುಗಳನ್ನೇ ಚಂದವೆಂದು ಬಗೆಯುತ್ತಿದ್ದವರ ಮುಂದೆ, ಈ ಒರಟು ಹೂವುಗಳಿಂದಲೇ ಆಸ್ಟ್ರೇಲಿಯಾದ ಕಲೆ ಹುಟ್ಟಬೇಕೆಂದು ಅವರು ಹಟ ಹಿಡಿದದ್ದು ನನಗೆ ಮೆಚ್ಚುಗೆಯಾಗುತ್ತದೆ.

ಉತ್ತರ 3 (ಗ್ಯಾಲರಿ ಮೂಲೆ):
ಮೆಚ್ಚುಗೆಯ ಜೊತೆಗೆ ಒಂದು ತಕರಾರನ್ನೂ ದಾಖಲಿಸಬೇಕು. ಆ ಹಟದ ಭಾಗವಾಗಿಯೇ ಅವರು ಮೂಲನಿವಾಸಿಗಳ ವಿನ್ಯಾಸಗಳನ್ನು, ಅವುಗಳ ಧಾರ್ಮಿಕ ಅರ್ಥವನ್ನು ಬದಿಗಿಟ್ಟು, ಬಳಸಿಕೊಂಡರು. ಮೂಲನಿವಾಸಿಗಳ ಕಲೆಯನ್ನು ಕಲೆಯೆಂದು ಗೌರವಿಸಿದ ಮೊದಲಿಗರಲ್ಲಿ ಅವರೂ ಒಬ್ಬರು ಎಂಬುದು ಎಷ್ಟು ನಿಜವೋ, ಕೇಳದೆ ತೆಗೆದುಕೊಂಡರು ಎಂಬ ಆಕ್ಷೇಪವೂ ಅಷ್ಟೇ ನ್ಯಾಯವಾದದ್ದು. ಹೂವಿನ ವುಡ್‌ಕಟ್‌ಗಳಲ್ಲಿ ಈ ತೊಡಕು ಕಡಿಮೆ ಎಂಬುದೂ ನಾನು ಅವುಗಳತ್ತಲೇ ಮತ್ತೆ ಮತ್ತೆ ಮರಳಲು ಒಂದು ಕಾರಣ.

ಪ್ರಶ್ನೆ ಕೇಳಿದವರು:
ಎಲ್ಲರಿಗೂ ಧನ್ಯವಾದಗಳು. ನಿನ್ನೆ ದಾಸವಾಳದ ಒಂದು ಬ್ಲಾಕ್ ಒತ್ತಿ ಪೋಸ್ಟರ್ ಬಣ್ಣ ತುಂಬಲು ಹೋದಾಗ ಕಪ್ಪೆಲ್ಲ ಕದಡಿ ದಳಗಳು ಕೆಸರಿನ ಬಣ್ಣಕ್ಕೆ ತಿರುಗಿದವು.

ಉತ್ತರ 1 (ಹಳೆಯ ರೋಲರ್):
ನೀವು ನೀರಿನಲ್ಲಿ ಕರಗುವ ಮಸಿ ಬಳಸಿರಬೇಕು. ಎಣ್ಣೆಯ ಮಸಿಯಲ್ಲಿ ಒತ್ತಿ, ಬೆರಳಿಗೆ ಅಂಟದಷ್ಟು ಒಣಗುವವರೆಗೆ ಕೆಲವು ದಿನ ಕಾದು, ಆಮೇಲೆ ಕುಂಚ ಹಿಡಿಯಿರಿ.